ಕೋರ್ಟ್ ಬಿಟ್ಟು ಸೀರಿಯಲ್‌ಗೆ: ಒಬ್ಬ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿಯ ಪ್ರಕರಣ

ರೈಲ್ವೆ ತಂಡಕ್ಕೆ ಆಡುತ್ತಿದ್ದ ಒಬ್ಬ ಬ್ಯಾಸ್ಕೆಟ್‌ಬಾಲ್ ಆಟಗಾರ್ತಿ ಕನ್ನಡ ಸೀರಿಯಲ್ ಕಡೆ ಹೊರಟಾಗ ಏನೇನಾಯಿತು ಅನ್ನುವುದನ್ನು ಇಲ್ಲಿ ಬರೆಯುತ್ತಿದ್ದೇನೆ. ಅವರ ಒಪ್ಪಿಗೆ ಇದೆ, ಬರೆದಿದ್ದನ್ನು ಓದಿಯೂ ನೋಡಿದ್ದಾರೆ. ಹೆಸರು ಹಾಕಿಲ್ಲ. ಊರು, ವಯಸ್ಸು, ಮನೆಯವರ ವಿವರ, ಪಾತ್ರ ಎಲ್ಲವನ್ನೂ ಗುರುತು ಸಿಗದ ಹಾಗೆ ಬದಲಿಸಿದ್ದೇನೆ. ಬರೆಯೋದಕ್ಕೆ ಕಾರಣ ಇದೆ. ಕಬಡ್ಡಿ, ವಾಲಿಬಾಲ್, ಅಥ್ಲೆಟಿಕ್ಸ್‌ನಿಂದ ಬಂದವರೂ ಇದೇ ತರದ ಪ್ರಶ್ನೆ ಹಿಡಿದು ಆಪ್ತಸಲಹೆಗೆ ಅಂತ ನನ್ನ ಹತ್ತಿರ ಬರುತ್ತಾರೆ. ಕೆಲಸ ಬಿಡಲಾ, ಬೇಡವಾ? ಹೊಸ ದಾರಿ ಹಿಡಿಯಲಾ, ಬೇಡವಾ? ಆ ಪ್ರಶ್ನೆಯ ಕೆಳಗೆ ಇನ್ನೊಂದು ವಿಷಯ ಕೂತಿರುತ್ತದೆ. ಆಟ ಮುಗಿದಿದೆ ಅನ್ನುವುದನ್ನು ಅವರು ಇನ್ನೂ ಯಾರಿಗೂ ಹೇಳಿರುವುದಿಲ್ಲ, ತಮಗೂ ಹೇಳಿಕೊಂಡಿರುವುದಿಲ್ಲ.

ಇವರದು ಹಳೇ ಮೈಸೂರು ಕಡೆಯ ಹಳ್ಳಿ. ವಯಸ್ಸು 30ರ ಆಸುಪಾಸು. ತಂದೆ ಇಲ್ಲ. ಅಮ್ಮ, ಓದುತ್ತಿರುವ ತಮ್ಮ. ಹೈಸ್ಕೂಲ್ ಸೇರುವ ಮುಂಚೆಯೇ ಎತ್ತರ ನೋಡಿ ಕ್ರೀಡಾ ಹಾಸ್ಟೆಲ್‌ಗೆ ಆರಿಸಿಕೊಂಡಿದ್ದರು. ಅಲ್ಲಿಂದ ಜೂನಿಯರ್ ಸ್ಟೇಟ್, ಯೂನಿವರ್ಸಿಟಿ, ಸೀನಿಯರ್ ನ್ಯಾಷನಲ್ಸ್, ಆಮೇಲೆ ಸ್ಪೋರ್ಟ್ಸ್ ಕೋಟಾದಲ್ಲಿ ರೈಲ್ವೆ ಕೆಲಸ. 5 ಅಡಿ 11 ಇಂಚು ಎತ್ತರ. ಪೋಸ್ಟ್ ಪ್ಲೇಯರ್, ಅಂದರೆ ರಿಂಗ್ ಕೆಳಗೆ ಮೈಗೆ ಮೈ ಕೊಟ್ಟು ನಿಂತು, ಒಳಗೆ ಬೀಳದೆ ಪುಟಿದು ಬರುವ ಚೆಂಡನ್ನು (ರೀಬೌಂಡ್) ಹಿಡಿಯುವವರು.

ಪ್ರೊಫೆಷನಲ್ ಬ್ಯಾಸ್ಕೆಟ್‌ಬಾಲ್ ಅಂದ ತಕ್ಷಣ ಅಮೆರಿಕದ ದೊಡ್ಡ ಲೀಗ್ ಎನ್‌ಬಿಎ ಕಣ್ಣ ಮುಂದೆ ಬರುತ್ತದೆ, ಅಲ್ವಾ? ನಮ್ಮಲ್ಲಿ ಹಾಗಿಲ್ಲ. 2015ರಲ್ಲಿ ಯುಬಿಎ ಅನ್ನುವ ಪುರುಷರ ಲೀಗ್ ಶುರುವಾಗಿ ಕೆಲವೇ ಸೀಸನ್‌ಗೆ ನಿಂತುಹೋಯಿತು. ಹೆಣ್ಣುಮಕ್ಕಳಿಗಂತೂ ಆಟ ಅನ್ನ ಕೊಡುವ ದಾರಿ ಅಂದರೆ ಇಲಾಖೆಯ ತಂಡ, ಅದರಲ್ಲೂ ರೈಲ್ವೆ. ಮಹಿಳೆಯರ ನ್ಯಾಷನಲ್ಸ್‌ನಲ್ಲಿ ಇಂಡಿಯನ್ ರೈಲ್ವೇಸ್ ತಂಡ ವರ್ಷಗಳಿಂದ ಬಲವಾಗಿರುವುದಕ್ಕೆ ಇದೂ ಒಂದು ಕಾರಣ. ಆರ್ಡರ್ ಕಾಪಿಯಲ್ಲಿ ಕ್ಲರ್ಕ್ ಎಂದಿರುತ್ತದೆ. ದಿನ ಕಳೆಯುವುದು ಮಾತ್ರ ಕೋರ್ಟ್‌ನಲ್ಲಿ, ಕ್ಯಾಂಪ್‌ನಲ್ಲಿ, ರೈಲಿನಲ್ಲಿ. ಆಡುವುದು ನಿಂತ ದಿನ ಪೂರ್ತಿ ಕ್ಲರ್ಕ್ ಆಗಬೇಕು. ಜೊತೆಗೆ ಸೇರಿದವರು ಅಷ್ಟೊತ್ತಿಗೆ ಇಲಾಖೆ ಪರೀಕ್ಷೆ ಬರೆದು ಮುಂದೆ ಹೋಗಿರುತ್ತಾರೆ, ಇವರು ಫೈಲ್ ನೋಟ್ ಹೇಗೆ ಹಾಕುವುದು ಅಂತ ಈಗ ಕಲಿಯಬೇಕು. ಇದು ಎಷ್ಟು ಕಷ್ಟ ಅನ್ನುವುದು ಹೊರಗಿನವರಿಗೆ ಗೊತ್ತಾಗುವುದಿಲ್ಲ. ಗವರ್ನಮೆಂಟ್ ಕೆಲಸ ಇದೆಯಲ್ಲ, ಇನ್ನೇನು ಬೇಕು ಅಂತಾರೆ.

ಇವರಿಗೆ ಬಲಗಾಲಿನ ಮಂಡಿಯಲ್ಲಿ ಎಸಿಎಲ್, ಅಂದರೆ ಮಂಡಿಯೊಳಗಿನ ಮೂಳೆಗಳನ್ನು ಹಿಡಿದಿಡುವ ಲಿಗಮೆಂಟ್, ಎರಡು ಸಲ ಹರಿದಿತ್ತು. ಮೊದಲ ಸಲ ಆಪರೇಷನ್ ಆಗಿ ಮತ್ತೆ ಆಡಿದರು. ಎರಡನೇ ಸಲ ಪ್ರಾಕ್ಟೀಸ್‌ನಲ್ಲಿ, ಯಾರೂ ತಾಗದೆ, ಸುಮ್ನೆ ಜಿಗಿದು ಕೆಳಗೆ ಬಂದಾಗ. ಮತ್ತೆ ಆಪರೇಷನ್, ಮತ್ತೆ ತಿಂಗಳುಗಟ್ಟಲೆ ಫಿಸಿಯೋಥೆರಪಿ. ವಾಪಸ್ ಹೋಗುವಷ್ಟರಲ್ಲಿ ಅದೇ ಜಾಗಕ್ಕೆ ಇಬ್ಬರು ಚಿಕ್ಕ ಹುಡುಗಿಯರು ಬಂದಿದ್ದರು. ನೀನು ಬೇಡ ಅಂತ ಯಾರೂ ಹೇಳಲಿಲ್ಲ. ಕ್ಯಾಂಪ್ ಲಿಸ್ಟ್ ಬಂತು, ಅದರಲ್ಲಿ ಹೆಸರು ಇರಲಿಲ್ಲ, ಅಷ್ಟೇ. ಕೋಚ್ ಫೋನ್ ಮಾಡಲಿಲ್ಲ, ಇವರೂ ಮಾಡಲಿಲ್ಲ.

ಮನೆಯಲ್ಲಿ ಕಾಲಿಗೆ ಐಸ್ ಇಟ್ಟುಕೊಂಡು ಕೂತಿದ್ದ ದಿನಗಳಲ್ಲಿ ಮಾಡಿದ ರೀಲ್ ಒಂದನ್ನು ಸೀರಿಯಲ್‌ನ ಕಾಸ್ಟಿಂಗ್ ನೋಡಿಕೊಳ್ಳುವವರು ನೋಡಿದರು. ಆಡಿಷನ್‌ಗೆ ಕರೆದರು. ಈ ಎತ್ತರದ ಹೆಣ್ಣುಮಗಳಿಗೆ ನಮ್ಮ ಸೀರಿಯಲ್‌ಗಳಲ್ಲಿ ಮೊದಲು ಸಿಗುವುದು ಪೊಲೀಸ್ ಪಾತ್ರ. ಇವರಿಗೂ ಇನ್ಸ್‌ಪೆಕ್ಟರ್ ಪಾತ್ರವೇ ಸಿಕ್ಕಿತು. ಕೆಲವು ದಿನದ ಕೆಲಸ. ಚೆನ್ನಾಗಿ ಕಂಡರು. ಸ್ವಲ್ಪ ದಿನಕ್ಕೆ ಅದೇ ಪ್ರೊಡಕ್ಷನ್ ಹೌಸ್‌ನಿಂದ ದೊಡ್ಡ ಪಾತ್ರ ಬಂತು. ನಾಯಕನ ಅಕ್ಕ, ಮನೆಯ ಯಜಮಾನಿ, ತಿಂಗಳಿಗೆ ಸುಮಾರು 20 ದಿನ ಶೂಟಿಂಗ್. ಒಂದು ವಾರದಲ್ಲಿ ಹೇಳಿ ಅಂದರು.

ಆ ವಾರದಲ್ಲೇ ಅವರು ನನ್ನ ಹತ್ತಿರ ಬಂದಿದ್ದು. ನಿದ್ದೆ ಇರಲಿಲ್ಲ. ಕ್ವಾರ್ಟರ್ಸ್ ಪಕ್ಕದ ಕೋರ್ಟ್‌ನಲ್ಲಿ ಸಂಜೆ ಹುಡುಗರು ಚೆಂಡು ಪುಟಿಸುವ ಶಬ್ದ ಕೇಳಿದರೆ ಎದೆ ಹೊಡೆದುಕೊಳ್ಳುತ್ತದೆ ಅಂದರು, ಅದಕ್ಕೇ ಆಫೀಸಿನಿಂದ ಸುತ್ತು ಹಾಕಿ ಮನೆಗೆ ಹೋಗುತ್ತಿದ್ದರಂತೆ. ಕೂತ ತಕ್ಷಣ ಕೇಳಿದ್ದು, "ಮೇಡಂ, ರಿಸೈನ್ ಮಾಡ್ಲಾ ಬೇಡ್ವಾ, ಅದೊಂದು ಹೇಳಿಬಿಡಿ ಸಾಕು."

ನಾನು ಹೇಳಲಿಲ್ಲ. ಒಂದು ವಾರದ ಗಡುವು ಯಾರು ಕೊಟ್ಟಿದ್ದು, ಚಾನೆಲ್ ಕೊಟ್ಟಿದ್ದಾ, ಪ್ರೊಡಕ್ಷನ್ ಮ್ಯಾನೇಜರ್ ಕೊಟ್ಟಿದ್ದಾ ಅಂತ ಕೇಳಿದೆ. ಗೊತ್ತಿರಲಿಲ್ಲ. ಪ್ರೋಮೋ ಶೂಟ್ ಯಾವತ್ತು? ಅದೂ ಗೊತ್ತಿರಲಿಲ್ಲ. ಆಟದಲ್ಲಿ ಚೆಂಡು ಕೈಗೆ ಬಂದ ಮೇಲೆ 24 ಸೆಕೆಂಡಿನಲ್ಲಿ ಶಾಟ್ ಹೊಡೆಯಬೇಕು, ಗಡಿಯಾರ ನೋಡಿಕೊಂಡು ಬೆಳೆದವರಿಗೆ ಯಾರೇ ಗಡುವು ಕೊಟ್ಟರೂ ಅದು ನಿಯಮದ ಹಾಗೆ ಕಾಣುತ್ತದೆ. ಫೋನ್ ಮಾಡಿ ಕೇಳಿ ಅಂದೆ. ಕೇಳಿದರು. ಪ್ರೋಮೋ ಇನ್ನೂ ಒಂದೂವರೆ ತಿಂಗಳು ಆಚೆ ಇತ್ತು. ಮೂರು ವಾರ ಸಮಯ ಸಿಕ್ಕಿತು. ಗಡುವಿನ ಮುಂದೆ ಕೂತವರಿಗೆ ನನ್ನ ಮೊದಲ ಸಲಹೆ ಯಾವಾಗಲೂ ಇದೇ: ಗಡುವು ನಿಜವಾ ಅಂತ ಕೇಳಿ ನೋಡಿ.

ನಿದ್ದೆ, ಹಸಿವು, ಬದುಕು ಸಾಕು ಅನ್ನುವ ಯೋಚನೆ ಏನಾದರೂ ಇದೆಯಾ, ಇವೆಲ್ಲ ವಿಚಾರಿಸಿದೆ. ಸಾಯುವ ಯೋಚನೆ ಇರಲಿಲ್ಲ. ಬೇಸರ ಮಾತ್ರ ಗಟ್ಟಿಯಾಗಿಯೇ ಇತ್ತು. ಮನೋವೈದ್ಯರ ಹತ್ತಿರ ಒಮ್ಮೆ ತೋರಿಸಿಕೊಂಡು ಬನ್ನಿ ಅಂತ ಕಳಿಸಿದೆ. ಅವರು ಸದ್ಯಕ್ಕೆ ಮಾತ್ರೆ ಬೇಡ, ಮಾತುಕತೆ ಮುಂದುವರಿಸಿ ಅಂದರು. ಇದನ್ನು ಯಾಕೆ ಹೇಳುತ್ತಿದ್ದೇನೆ ಅಂದರೆ, ವೃತ್ತಿ ಬದಲಿಸುವ ಪ್ರಶ್ನೆ ಅಂತ ಬಂದವರಲ್ಲೂ ಇದನ್ನು ನೋಡದೆ ಮುಂದೆ ಹೋಗಬಾರದು.

ಕ್ರೀಡಾ ಮನಶ್ಶಾಸ್ತ್ರದಲ್ಲಿ ಅಮೆರಿಕದ ಬ್ರಿಟ್ಟನ್ ಬ್ರೂವರ್ ಮತ್ತು ಜೊತೆಗಾರರು 1993ರಲ್ಲಿ ಒಂದು ಅಳತೆ ಪಟ್ಟಿ ಮಾಡಿದ್ದಾರೆ. ಒಬ್ಬರು ತಮ್ಮನ್ನು ಎಷ್ಟರ ಮಟ್ಟಿಗೆ ಬರೀ ಕ್ರೀಡಾಪಟು ಎಂದೇ ನೋಡಿಕೊಳ್ಳುತ್ತಾರೆ ಅನ್ನುವುದನ್ನು ಅದು ಅಳೆಯುತ್ತದೆ. ನನ್ನ ಸ್ನೇಹಿತರಲ್ಲಿ ಹೆಚ್ಚಿನವರು ಕ್ರೀಡಾಪಟುಗಳೇ, ನನ್ನ ಬದುಕಿನಲ್ಲಿ ಆಟವೇ ಎಲ್ಲಕ್ಕಿಂತ ಮುಖ್ಯ, ಗಾಯವಾಗಿ ಆಡಲು ಆಗದಿದ್ದರೆ ತುಂಬಾ ಕುಗ್ಗುತ್ತೇನೆ, ಈ ತರದ ವಾಕ್ಯಗಳು. ಅದನ್ನು ಇಟ್ಟುಕೊಂಡು ಮಾತಾಡಿದೆವು. ಒಂದೊಂದಕ್ಕೂ ಹೌದು, ಹೌದು ಅಂತ ಹೋದರು. ಕೊನೆಗೆ ಅವರೇ, "ಇದರಲ್ಲಿ ಆಟ ತೆಗೆದ್ರೆ ನಾನು ಏನೂ ಉಳಿಯಲ್ಲ ಮೇಡಂ" ಅಂದರು. ಆ ಅಂಕ ಜಾಸ್ತಿ ಇದ್ದವರಿಗೆ ಆಡುವಾಗ ಅದೇ ಬಲ. ನಿಂತಾಗ ಅದೇ ಭಾರ. ಅದು ಅವರ ತಪ್ಪಲ್ಲ. 12 ವರ್ಷದ ಮಗುವನ್ನು ಹಾಸ್ಟೆಲ್‌ಗೆ ಕರೆದುಕೊಂಡು ಹೋಗಿ ಬೆಳಿಗ್ಗೆ 5 ಗಂಟೆಗೆ ಎಬ್ಬಿಸಿ ಓಡಿಸಿದವರು ನಾವು. ಬೇರೆ ಏನಾದರೂ ಆಗಬಹುದು ಅಂತ ಆ ಮಗುವಿಗೆ ಯಾರು ಹೇಳಿದ್ದರು?

ಇಲ್ಲಿಂದ ನಮ್ಮ ಮಾತು ನಿಧಾನಕ್ಕೆ ತಿರುಗಿತು. ಅವರು ನಟನೆಯಿಂದ ಏನು ಬಯಸುತ್ತಿದ್ದರು ಅಂತ ನೋಡಿದಾಗ ಬಂದ ಉತ್ತರ ನಟನೆಯ ಬಗ್ಗೆ ಇರಲಿಲ್ಲ. ಸೆಟ್‌ನಲ್ಲಿ ಎಲ್ಲರೂ ಒಟ್ಟಿಗೆ ಊಟ ಮಾಡುತ್ತಾರೆ. ಕಾಲ್ ಟೈಮ್ ಇರುತ್ತದೆ. ಬೆಳಿಗ್ಗೆ ಹೋಗುವುದಕ್ಕೆ ಒಂದು ಜಾಗ ಇದೆ, ಅಲ್ಲಿ ನನ್ನ ಹೆಸರು ಕರೆಯುತ್ತಾರೆ. ಅಂದರೆ ತಂಡ ಬೇಕಾಗಿತ್ತು. ಅದು ದೊಡ್ಡ ಆಸೆ, ನ್ಯಾಯವಾದ ಆಸೆ. ಆದರೆ ಸೀರಿಯಲ್ ಯೂನಿಟ್ ತಂಡದ ಹಾಗೆ ಕಂಡರೂ ತಂಡ ಅಲ್ಲ. ಟಿಆರ್‌ಪಿ ಬಿದ್ದರೆ ಟ್ರ್ಯಾಕ್ ಬದಲಾಗುತ್ತದೆ, ಪಾತ್ರ ವಿದೇಶಕ್ಕೆ ಹೋಗುತ್ತದೆ ಅಥವಾ ಸಾಯುತ್ತದೆ, ಮಾರನೇ ದಿನ ಯೂನಿಟ್ ಕೆಲಸ ಮಾಡುತ್ತಲೇ ಇರುತ್ತದೆ. ಈಗಷ್ಟೇ ಒಂದು ಲಿಸ್ಟಿನಿಂದ ಹೆಸರು ಹೋಗಿ ಕುಸಿದವರು, ಆ ನೋವು ಆರುವ ಮುಂಚೆ ಇನ್ನೊಂದು ಲಿಸ್ಟಿನ ಮೇಲೆ ಇಡೀ ಜೀವ ಇಟ್ಟರೆ ಏನಾಗಬಹುದು ಅನ್ನುವುದನ್ನು ಅವರ ಮುಂದೆ ನೇರವಾಗಿಯೇ ಇಟ್ಟೆ. ಅತ್ತರು. ಎರಡನೇ ಆಪರೇಷನ್ ಆದ ಮೇಲೆ ಅತ್ತಿದ್ದು ಅದೇ ಮೊದಲು ಅಂದರು.

ಈ ಅಳು ಮುಖ್ಯ. ಯಾಕೆ ಅಂದರೆ ಆಡಿಷನ್‌ನಲ್ಲಿ ಇವರು ಸಿಕ್ಕಿಹಾಕಿಕೊಂಡಿದ್ದೂ ಅಲ್ಲೇ. ಪೊಲೀಸ್ ಪಾತ್ರಕ್ಕೆ ಗಟ್ಟಿ ಮುಖ ಸಾಕಾಗಿತ್ತು. ಅಕ್ಕನ ಪಾತ್ರಕ್ಕೆ ತಮ್ಮನನ್ನು ಕಳೆದುಕೊಳ್ಳುವ ಭಯ ತೋರಿಸಿ ಅಂದಾಗ ಮುಖದಲ್ಲಿ ಏನೂ ಬರಲಿಲ್ಲವಂತೆ. ಕೊನೆಗೆ ಗ್ಲಿಸರಿನ್ ಹಾಕಿ ಮಾಡಿಸಿದರು. ಬರುವುದಾದರೂ ಹೇಗೆ? ಕೋರ್ಟ್‌ನಲ್ಲಿ ಹದಿನೈದು ವರ್ಷ ಕಲಿತಿದ್ದೇ ಅದರ ಉಲ್ಟಾ. ಮೊಣಕೈ ಪಕ್ಕೆಗೆ ಬಿದ್ದರೂ ಮುಖ ಬದಲಾಗಬಾರದು, ಸುಸ್ತಾಗಿದ್ದು ಎದುರಾಳಿಗೆ ಗೊತ್ತಾಗಬಾರದು, ಫ್ರೀ ಥ್ರೋ ಲೈನ್‌ನಲ್ಲಿ ನಿಂತಾಗ ಉಸಿರು ಒಂದೇ ಸಮ ಇರಬೇಕು. ಕ್ರೀಡಾಪಟುಗಳು ನಟನೆಗೆ ಬಂದರೆ ಶಿಸ್ತು ಇರುತ್ತದೆ, ಶ್ರಮ ಪಡುತ್ತಾರೆ ಅಂತ ಎಲ್ಲರೂ ಹೇಳುತ್ತಾರೆ, ಅದು ನಿಜ. ಆದರೆ ಅವರ ಅತ್ಯಂತ ಒಳ್ಳೆಯ ಅಭ್ಯಾಸವೇ ಕ್ಯಾಮೆರಾ ಮುಂದೆ ಅಡ್ಡ ನಿಲ್ಲುತ್ತದೆ ಅನ್ನುವುದನ್ನು ಯಾರೂ ಹೇಳುವುದಿಲ್ಲ. ಇದನ್ನು ನಾನು ಕಲಿಸಲು ಆಗುವುದಿಲ್ಲ, ನಾನು ನಟನೆಯ ಗುರು ಅಲ್ಲ. ನಮ್ಮಲ್ಲಿ ಅದನ್ನು ಕಲಿಸುವವರಿಗೆ ಬರವಿಲ್ಲ. ಹೆಗ್ಗೋಡಿನ ನೀನಾಸಂ, ಮೈಸೂರಿನ ರಂಗಾಯಣದಲ್ಲಿ ಪಳಗಿದ ಎಷ್ಟೋ ಜನ ಊರೂರಲ್ಲಿ ಶಿಬಿರ ಮಾಡುತ್ತಾರೆ. ಕೆಲಸ ಇಟ್ಟುಕೊಂಡೇ ವಾರದ ಕೊನೆಗೆ ಹೋಗುವಂಥ ಒಂದು ಹವ್ಯಾಸಿ ತಂಡ ಸೇರಿ ಅಂದೆ. ಸೇರಿದರು. ಮೊದಲ ನಾಟಕದಲ್ಲಿ ಮಾತೇ ಇಲ್ಲದ ಪಾತ್ರ ಕೊಟ್ಟರು. ಇವರಿಗೆ ಅದು ಅವಮಾನ ಅನ್ನಿಸಲಿಲ್ಲ, ಬೆಂಚ್ ಮೇಲೆ ಕೂತು ಗೊತ್ತಿತ್ತಲ್ಲ.

ಇನ್ನೊಂದು ಕಷ್ಟ ಅವರೇ ಹೇಳಿದ್ದು. ಆಟದಲ್ಲಿ ಚೆಂಡು ರಿಂಗ್ ಒಳಗೆ ಹೋಯಿತಾ ಇಲ್ಲವಾ ಅಂತ ಕಣ್ಣಿಗೆ ಕಾಣುತ್ತದೆ, ಸ್ಕೋರ್ ಬೋರ್ಡ್ ಮೇಲೆ ಬರುತ್ತದೆ. ಸೆಟ್‌ನಲ್ಲಿ ಎಪಿಸೋಡ್ ಡೈರೆಕ್ಟರ್ "ಓಕೆ, ನೆಕ್ಸ್ಟ್" ಅಂತಾರೆ. ಚೆನ್ನಾಗಿತ್ತಾ? ಹೊತ್ತಾಯಿತು ಅಂತ ಓಕೆ ಅಂದರಾ? ಗೊತ್ತಾಗುವುದಿಲ್ಲ. ಅಸಿಸ್ಟೆಂಟ್ ಒಬ್ಬರು ಪಕ್ಕದಲ್ಲಿ ನಿಂತು ಡೈಲಾಗ್ ಪ್ರಾಂಪ್ಟ್ ಮಾಡುತ್ತಾರೆ, ದಿನಕ್ಕೆ ಇಷ್ಟು ಸೀನ್ ಮುಗಿಯಬೇಕು, ನಿಂತು ತಿದ್ದುವುದಕ್ಕೆ ಯಾರಿಗೂ ಪುರುಸೊತ್ತಿಲ್ಲ. ಗುರುವಾರ ಟಿಆರ್‌ಪಿ ಬರುತ್ತದೆ, ಅದು ಇಡೀ ಸೀರಿಯಲ್‌ನ ನಂಬರ್, ಒಬ್ಬರ ಕೆಲಸದ ಅಳತೆ ಅಲ್ಲ. ಇದಕ್ಕೆ ನಾವು ಕಂಡುಕೊಂಡ ದಾರಿ ಸರಳ. ಮ್ಯಾಚ್ ವಿಡಿಯೋ ನೋಡಿ ನೋಟ್ಸ್ ಮಾಡುವ ಅಭ್ಯಾಸ ಅವರಿಗೆ ಇತ್ತು. ತಮ್ಮ ಎಪಿಸೋಡ್‌ಗಳನ್ನು ಹಾಗೇ ನೋಡುವುದು, ಒಂದು ಸೀನ್‌ಗೆ ಒಂದೇ ವಿಷಯ ಬರೆಯುವುದು, ನಾಟಕ ತಂಡದ ಹಿರಿಯರೊಬ್ಬರಿಗೆ ತೋರಿಸುವುದು. ಕಾಮೆಂಟ್ ಓದುವುದು ಬೇಡ ಅಂತ ಕಟ್ಟುನಿಟ್ಟಾಗಿ ಹೇಳಿದೆ. ಓದಿದರು ಅನ್ನಿ, ಎತ್ತರದ ಬಗ್ಗೆ ಬರೆದಿದ್ದನ್ನೆಲ್ಲ ಓದಿ ಒಂದು ದಿನ ಪೂರ್ತಿ ಊಟ ಬಿಟ್ಟರು.

ಊಟದ ವಿಷಯದಲ್ಲಿ ನನಗೆ ನಿಜಕ್ಕೂ ಸಿಟ್ಟು ಬಂತು. ಲುಕ್ ಟೆಸ್ಟ್ ಆದ ಮೇಲೆ ಯಾರೋ ಒಬ್ಬರು ಭುಜ ಅಗಲ ಕಾಣುತ್ತದೆ, ಸ್ವಲ್ಪ ಇಳಿಸಿ ಅಂದಿದ್ದರು. ಆ ಭುಜ ರಿಂಗ್ ಕೆಳಗೆ ನಿಂತು ನಿಂತು ಬಂದಿದ್ದು. ಇವರು ರಾತ್ರಿ ಊಟ ನಿಲ್ಲಿಸಿದರು. ಆಪರೇಷನ್ ಆದ ಮಂಡಿಗೆ ತೊಡೆಯ ಸ್ನಾಯುವೇ ಆಧಾರ. ಉಪವಾಸ ಮಾಡಿದರೆ ಅದೂ ಕರಗುತ್ತದೆ. ಫಿಸಿಯೋಥೆರಪಿಸ್ಟ್ ಜೊತೆ ಕೂತು ಮಾತಾಡಿ, ಆಟ ನಿಂತ ಮೇಲೆ ಎಷ್ಟು ತಿನ್ನಬೇಕು, ಎಷ್ಟು ವ್ಯಾಯಾಮ ಇರಬೇಕು ಅಂತ ಹೊಸದಾಗಿ ಗೊತ್ತು ಮಾಡಿಕೊಳ್ಳಿ ಅಂದೆ. ದೇಹವನ್ನು ಬದಲಿಸಲು ಹೇಳುವ ಪಾತ್ರ ಬೇರೆ, ದೇಹದ ಬಗ್ಗೆ ನಾಚಿಕೆ ಹುಟ್ಟಿಸುವ ಮಾತು ಬೇರೆ. ಎರಡನೆಯದಕ್ಕೆ ಬೇಡ ಅನ್ನುವ ಹಕ್ಕು ಇದೆ. ಆ ಮಾತನ್ನು ಹೇಗೆ ಆಡುವುದು ಅಂತ ನನ್ನ ರೂಮಿನಲ್ಲೇ ನಾಲ್ಕಾರು ಸಲ ಅಭ್ಯಾಸ ಮಾಡಿದೆವು.

ಕೆಲಸದ ವಿಷಯಕ್ಕೆ ಬರೋಣ. ಎಷ್ಟೋ ಜನ ಎಡವುವುದು ಇಲ್ಲೇ. 1966ರ ರೈಲ್ವೆ ನೌಕರರ ನಡತೆ ನಿಯಮಗಳಲ್ಲಿ 15ನೆಯದು ಹೊರಗಿನ ಕೆಲಸದ ಬಗ್ಗೆ ಇದೆ. ಮುಂಚಿತವಾಗಿ ಅನುಮತಿ ಇಲ್ಲದೆ ಬೇರೆ ಉದ್ಯೋಗ ಮಾಡುವಂತಿಲ್ಲ. ಕಚೇರಿ ಕೆಲಸಕ್ಕೆ ತೊಂದರೆ ಆಗದ ಹಾಗೆ ಆಗೊಮ್ಮೆ ಈಗೊಮ್ಮೆ ಮಾಡುವ ಸಾಹಿತ್ಯ, ಕಲೆಯ ಕೆಲಸಕ್ಕೆ ಅದರಲ್ಲಿ ಜಾಗ ಇದೆ. ಆದರೆ ತಿಂಗಳಿಗೆ 20 ದಿನದ ಸೀರಿಯಲ್ ಆಗೊಮ್ಮೆ ಈಗೊಮ್ಮೆ ಅಲ್ಲ. ಇವರು ಮೊದಲ ಪಾತ್ರವನ್ನು ರಜೆ ಹಾಕಿ ಮಾಡಿ ಬಂದಿದ್ದರು, ಯಾರಿಗೂ ತಿಳಿಸಿರಲಿಲ್ಲ. ನೌಕರರ ವಿಷಯ ನೋಡಿಕೊಳ್ಳುವ ಪರ್ಸನೆಲ್ ಬ್ರಾಂಚ್‌ಗೆ ಹೋಗಿ ಎಲ್ಲ ಹೇಳಿ, ಇನ್ನು ಮೇಲೆ ಪ್ರತಿಯೊಂದನ್ನೂ ಬರವಣಿಗೆಯಲ್ಲಿ ಕೇಳಿ ಅಂದೆ. ಭಯಪಟ್ಟುಕೊಂಡು ಹೋದರು. ಅಲ್ಲಿದ್ದ ಹಿರಿಯರೊಬ್ಬರು ಇವರ ಆಟ ನೋಡಿದವರು, ಕೂರಿಸಿ ನಿಯಮ ವಿವರಿಸಿದರು. ದೊಡ್ಡ ಪಾತ್ರಕ್ಕೆ ಅನುಮತಿ ಸಿಗುವುದಿಲ್ಲ, ಸಣ್ಣ ಪುಟ್ಟದಕ್ಕೆ ಅರ್ಜಿ ಕೊಡಿ, ನೋಡೋಣ ಅಂದರಂತೆ.

ದುಡ್ಡಿನ ಲೆಕ್ಕವನ್ನು ಕಾಗದದ ಮೇಲೆ ಬರೆಸಿದೆ. ಸೀರಿಯಲ್‌ನಲ್ಲಿ ದಿನಕ್ಕೆ ಇಷ್ಟು ಅಂತ ಸಂಬಳ. ತಿಂಗಳ ಮೊತ್ತ ರೈಲ್ವೆ ಸಂಬಳಕ್ಕಿಂತ ಜಾಸ್ತಿ ಕಾಣುತ್ತಿತ್ತು. ಅದರಲ್ಲಿ ಶೇ 10 ಟಿಡಿಎಸ್ ಮೊದಲೇ ಹಿಡಿಯುತ್ತಾರೆ. ಪೇಮೆಂಟ್ ಕೈಗೆ ಬರುವುದಕ್ಕೆ ಎರಡು ಮೂರು ತಿಂಗಳು ಹಿಡಿಯಬಹುದು. ಎಷ್ಟೋ ಕಡೆ ಸೀರೆ, ಬ್ಲೌಸ್, ಒಡವೆ ನಟಿಯರದೇ ಖರ್ಚು, ಯಜಮಾನಿ ಪಾತ್ರಕ್ಕೆ ರೇಷ್ಮೆ ಸೀರೆಯೇ ಬೇಕು, ಮತ್ತೆ ಮತ್ತೆ ಅದನ್ನೇ ಉಡುವ ಹಾಗಿಲ್ಲ. ರಜೆ ಇಲ್ಲ, ಪಾಸ್ ಇಲ್ಲ, ಕ್ವಾರ್ಟರ್ಸ್ ಇಲ್ಲ, ರೈಲ್ವೆ ಆಸ್ಪತ್ರೆ ಇಲ್ಲ. ಆಸ್ಪತ್ರೆ ವಿಷಯವನ್ನು ನಾನು ಒತ್ತಿ ಹೇಳಿದೆ. ಹೊರಗೆ ಹೊಸದಾಗಿ ಹೆಲ್ತ್ ಇನ್ಶೂರೆನ್ಸ್ ತೆಗೆದುಕೊಂಡರೆ ಮೊದಲೇ ಇರುವ ಕಾಯಿಲೆಗೆ ಕಂಪನಿಗಳು 3 ವರ್ಷದವರೆಗೂ ಕಾಯಿಸಬಹುದು. 2024ರ ಏಪ್ರಿಲ್‌ಗೆ ಮುಂಚೆ ಅದು 4 ವರ್ಷ ಇತ್ತು. ಎರಡು ಆಪರೇಷನ್ ಆದ ಮಂಡಿ ಇಟ್ಟುಕೊಂಡು ಇಂದು ಕೆಲಸ ಬಿಟ್ಟು ನಾಳೆ ಪಾಲಿಸಿ ಮಾಡಿಸುವುದಲ್ಲ. ಕೆಲಸದಲ್ಲಿ ಇರುವಾಗಲೇ ಮಾಡಿಸಿ, ಮಂಡಿಯ ವಿಷಯ ಮುಚ್ಚಿಡದೆ ಬರೆಯಿರಿ, ಆ ಕಾಯುವ ಕಾಲ ಸಂಬಳ ಬರುವಾಗಲೇ ಓಡಲಿ. ಜೊತೆಗೆ ಒಂದು ವರ್ಷದ ಮನೆ ಖರ್ಚು ಮತ್ತು ತಮ್ಮನ ಫೀಸ್ ಬ್ಯಾಂಕಿನಲ್ಲಿ ಇರುವವರೆಗೆ ರಾಜೀನಾಮೆ ಬರೆಯಬೇಡಿ.

ಅಷ್ಟರಲ್ಲಿ ಅವರು ಒಂದು ಪ್ರಶ್ನೆ ತಂದರು. "ಪ್ರಾಚಿ ತೆಹ್ಲಾನ್ ಮಾಡ್ಲಿಲ್ವಾ ಮೇಡಂ?" ಒಳ್ಳೆಯ ಪ್ರಶ್ನೆ. ಪ್ರಾಚಿ ಬ್ಯಾಸ್ಕೆಟ್‌ಬಾಲ್ ಆಡಿದವರು, 2010ರ ದೆಹಲಿ ಕಾಮನ್‌ವೆಲ್ತ್ ಗೇಮ್ಸ್‌ನಲ್ಲಿ ಭಾರತದ ನೆಟ್‌ಬಾಲ್ ತಂಡದ ಕ್ಯಾಪ್ಟನ್. ಹಿಂದಿ ಸೀರಿಯಲ್‌ಗೆ ಬಂದಿದ್ದು 2016ರಲ್ಲಿ. ನಡುವಿನ ವರ್ಷಗಳನ್ನು ನೋಡಿ ಅಂದೆ. ಎನ್‌ಬಿಎಯ ರಿಕ್ ಫಾಕ್ಸ್ ಲೇಕರ್ಸ್ ತಂಡದ ಪರ 2000ದಿಂದ 2002ರವರೆಗೆ ಸತತ ಮೂರು ಚಾಂಪಿಯನ್‌ಶಿಪ್ ಗೆದ್ದವರು, ಅವರು ಆಡುತ್ತಿದ್ದಾಗಲೇ ಟಿವಿ ಡ್ರಾಮಾದಲ್ಲಿ ಪಾತ್ರ ಮಾಡುತ್ತಿದ್ದರು, ಆಟ ಬಿಟ್ಟಿದ್ದು 2004ರಲ್ಲಿ. ಅದಕ್ಕೂ ಹಿಂದೆ ಚಕ್ ಕಾನರ್ಸ್. 1946ರಲ್ಲಿ ಬಾಸ್ಟನ್ ಸೆಲ್ಟಿಕ್ಸ್ ಮೊದಲ ಸೀಸನ್ ಆಡಿದಾಗ ಆ ತಂಡದಲ್ಲಿದ್ದರು, ಆಮೇಲೆ ಬೇಸ್‌ಬಾಲ್, ಆಮೇಲೆ ಸಿನಿಮಾದಲ್ಲಿ ಚಿಕ್ಕ ಚಿಕ್ಕ ಪಾತ್ರ. ಮನೆಮನೆಗೆ ಗೊತ್ತಾದ ಟಿವಿ ಪಾತ್ರ ಸಿಕ್ಕಿದ್ದು 1958ರಲ್ಲಿ. ಇವರಲ್ಲಿ ಯಾರೂ ಒಂದು ವಾರದಲ್ಲಿ ದಾಟಲಿಲ್ಲ. ಹೆಸರು ಕೇಳಿದಾಗ ನಮಗೆ ಎರಡು ದಡ ಕಾಣುತ್ತದೆ, ನಡುವಿನ ಹೊಳೆ ಕಾಣುವುದಿಲ್ಲ.

ಅಮ್ಮನನ್ನು ಒಂದು ಸಲ ಕರೆತನ್ನಿ ಅಂದೆ. ಬೈಸಿಕೊಳ್ಳುತ್ತೇನೆ ಅಂದುಕೊಂಡೇ ಇವರು ಕರೆತಂದರು. ಅಮ್ಮ ಮೊದಲು ಸುಮ್ಮನೆ ಕೂತಿದ್ದರು. ಸೀರಿಯಲ್ ಬೇಡ ಅನ್ನೋಕೆ ಏನು ಕಾರಣ ಅಂತ ಕೇಳಿದೆ. "ಬ್ಯಾಡ ಅಂತ ನಾನೆಲ್ಲಿ ಅಂದೆ? ಇವ್ಳು ಆಡಕ್ಕೆ ಹೋದಾಗ ಚಡ್ಡಿ ಹಾಕ್ಕೊಂಡು ಓಡ್ತಾಳೆ ಅಂತ ಊರೋರೆಲ್ಲ ಅಂದ್ರು. ಆಗ್ಲೂ ಕಳಿಸ್ದೋಳು ನಾನೇ. ಕಾಲು ಇನ್ನೊಂದ್ ಸಲ ಹೋದ್ರೆ ಆಸ್ಪತ್ರೆಗೆ ಯಾರು ಕಟ್ತಾರೆ, ಅದು ನನ್ನ ಭಯ." ಮಗಳು ಬೆರಗಾಗಿ ನೋಡಿದರು. ಊರಿನವರ ಮಾತಿಗೆ ಅಮ್ಮ ಹೆದರುತ್ತಾರೆ ಅಂತ ಇವರು ಅಂದುಕೊಂಡಿದ್ದರು. ಅಮ್ಮ ಹೆದರಿದ್ದು ಬಿಲ್ಲಿಗೆ. ಮನೆಯವರ ವಿರೋಧ ಅಂತ ಬಂದ ಪ್ರಕರಣಗಳಲ್ಲಿ ಇದನ್ನು ಎಷ್ಟೋ ಸಲ ನೋಡಿದ್ದೇನೆ. ಬೇಡ ಅನ್ನುವ ಮಾತಿನ ಒಳಗೆ ಒಂದು ನಿಖರವಾದ ಚಿಂತೆ ಇರುತ್ತದೆ, ಅದಕ್ಕೆ ಉತ್ತರ ಇದ್ದರೆ ಜಗಳ ಅರ್ಧ ಮುಗಿಯುತ್ತದೆ. ಇನ್ಶೂರೆನ್ಸ್ ಲೆಕ್ಕವನ್ನು ಅಮ್ಮನಿಗೇ ತೋರಿಸಿದೆವು.

ಕೋಚ್ ವಿಷಯ ಅಷ್ಟು ಸುಲಭವಾಗಿ ಆಗಲಿಲ್ಲ. ಆಟಕ್ಕೆ ಸರಿಯಾಗಿ ವಿದಾಯ ಹೇಳಬೇಕು ಅಂತ ನಾನು ಮೊದಲಿನಿಂದಲೂ ಹೇಳುತ್ತಿದ್ದೆ. ಕ್ರಿಕೆಟಿಗರಿಗೆ ಕೊನೆಯ ಪಂದ್ಯ ಇರುತ್ತದೆ, ಹಾರ ಇರುತ್ತದೆ. ಇವರಿಗೆ ಹೆಸರಿಲ್ಲದ ಒಂದು ಲಿಸ್ಟ್ ಮಾತ್ರ. ಹಾಗಾಗಿ ಅದನ್ನು ತಾವೇ ಮಾಡಿಕೊಳ್ಳಬೇಕು. ಕೋಚ್‌ಗೆ ಪತ್ರ ಬರೆಯಿರಿ, ಆಮೇಲೆ ಹೋಗಿ ಭೇಟಿ ಮಾಡಿ ಅಂದೆ. ಪತ್ರ ಬರೆಯುವುದಕ್ಕೆ ತುಂಬಾ ದಿನ ಹಿಡಿಯಿತು. ಭೇಟಿಯಲ್ಲಿ ಕೋಚ್ ಸರ್ ಚಹಾ ಕುಡಿಸಿ, ಹೊಸ ಹುಡುಗಿಯರ ಬಗ್ಗೆ ಮಾತಾಡಿ ಕಳಿಸಿದರಂತೆ. ಲಿಸ್ಟ್ ಬಗ್ಗೆ ಒಂದು ಮಾತು ಬರಲಿಲ್ಲ. ಇವರಿಗೆ ಬೇಕಾಗಿದ್ದು ಸಿಗಲಿಲ್ಲ. ಆದರೆ ಹೇಳಬೇಕಾಗಿದ್ದನ್ನು ಹೇಳಿ ಬಂದಿದ್ದರು, "ಸರ್, ನಾನು ಇನ್ನು ಆಡಲ್ಲ" ಅಂತ. ಆ ವಾರ ನಿದ್ದೆ ಸ್ವಲ್ಪ ಸುಧಾರಿಸಿತು. ಹಳೆಯ ಜೊತೆಗಾರ್ತಿಯರನ್ನು ಕರೆದು ಒಂದು ಸಂಜೆ ಹಾಫ್ ಕೋರ್ಟ್ ಆಟ ಇಟ್ಟುಕೊಂಡರು, ಮಂಡಿಗೆ ಬ್ರೇಸ್ ಹಾಕಿ, ಜಿಗಿಯದೆ. ಚಿಕ್ಕ ಹುಡುಗಿಯರು "ಅಕ್ಕ, ನಮಗೆ ಪೋಸ್ಟ್ ಮೂವ್ಸ್ ಹೇಳ್ಕೊಡಿ" ಅಂದರಂತೆ. ಈಗ ಬಿಡುವಿದ್ದಾಗ ಹೇಳಿಕೊಡುತ್ತಾರೆ. ಸುತ್ತು ಹಾಕಿ ಮನೆಗೆ ಹೋಗುವುದು ಯಾವಾಗ ನಿಂತಿತು ಅಂತ ಅವರಿಗೇ ನೆನಪಿಲ್ಲ.

ದೊಡ್ಡ ಪಾತ್ರವನ್ನು ಅವರು ಬಿಟ್ಟರು. ನಿರ್ಧಾರ ಅವರದೇ. ಬೇರೊಬ್ಬ ನಟಿ ಅದನ್ನು ಮಾಡಿದರು, ಚೆನ್ನಾಗಿ ಮಾಡಿದರು, ಸೀರಿಯಲ್ ಓಡಿತು. ಇವರಿಗೆ ಅದು ಉರಿಯಿತು. ದಿನಾ ರಾತ್ರಿ ಅದೇ ಸೀರಿಯಲ್ ನೋಡುತ್ತಾ, ಅಲ್ಲಿ ನಾನಿರಬೇಕಿತ್ತು ಅಂತ ಬಂದು ಅಳುತ್ತಿದ್ದರು. ಸಲಹೆ ಸರಿ ಇದ್ದರೂ ಬಿಟ್ಟಿದ್ದು ಬಿಟ್ಟಿದ್ದೇ, ಅದಕ್ಕೆ ನೋವಾಗುತ್ತದೆ. ಒಳ್ಳೆಯದೇ ಆಯಿತು ಬಿಡಿ ಅಂತ ಅವರಿಗೆ ನಾನು ಹೇಳಲಿಲ್ಲ. ಆಗ ಒಳ್ಳೆಯದಾಗಿತ್ತಾ ಅಂತ ಯಾರಿಗೆ ಗೊತ್ತು? ಆ ನೋವನ್ನು ಇಟ್ಟುಕೊಂಡೇ ಕೆಲಸ ಮಾಡಿದರು. ಅನುಮತಿ ಪಡೆದು, ಎಲ್‌ಎಪಿ (ರೈಲ್ವೆಯ ಸಂಬಳ ಸಹಿತ ರಜೆ) ಹಾಕಿ ಚಿಕ್ಕ ಪಾತ್ರಗಳು. ವಾರದ ಕೊನೆಗೆ ನಾಟಕ. ಒಂದು ನಾಟಕಕ್ಕೆ ನನ್ನನ್ನೂ ಕರೆದಿದ್ದರು. ಅದರಲ್ಲಿ ಮಗ ಕಾಣೆಯಾದ ತಾಯಿಯ ಪಾತ್ರ, ಗ್ಲಿಸರಿನ್ ಇರಲಿಲ್ಲ.

ಇದನ್ನು ಓದುತ್ತಿರುವ ಆಟಗಾರರಲ್ಲಿ ಯಾರಿಗಾದರೂ ಇಂಥ ಕರೆ ಬಂದಿದ್ದರೆ, ಇನ್ನೂ ಆಡುತ್ತಿರುವಾಗಲೇ ಆಫ್ ಸೀಸನ್‌ನಲ್ಲಿ ಒಂದು ರಂಗ ಶಿಬಿರ ಮಾಡಿ ನೋಡಿ. ಇಷ್ಟ ಆಗುವುದು ನಟನೆಯಾ, ಜನ ಗುರುತಿಸುವುದಾ, ಅಥವಾ ಆಟದಿಂದ ದೂರ ಹೋಗುವುದಾ ಅನ್ನುವುದು ಅಲ್ಲಿ ಬೇಗ ಗೊತ್ತಾಗುತ್ತದೆ. ಕೋಚ್‌ಗಳಿಗೆ ಒಂದು ಕೋರಿಕೆ: ಲಿಸ್ಟಿನಿಂದ ಹೆಸರು ತೆಗೆಯುವ ಮುಂಚೆ ಕರೆದು ಹೇಳಿ, ಎರಡು ನಿಮಿಷದ ಮಾತು ಸಾಕು. ಆಟ ನಿಂತ ಮೇಲೆ ಎರಡು ವಾರಕ್ಕಿಂತ ಜಾಸ್ತಿ ನಿದ್ದೆ ಕೆಟ್ಟರೆ, ಯಾವುದರಲ್ಲೂ ಮನಸ್ಸಿಲ್ಲ ಅನ್ನಿಸಿದರೆ, ಸುಮ್ನೆ ಕಾಯಬೇಡಿ. 14416ಕ್ಕೆ ಫೋನ್ ಮಾಡಿದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನಲ್ಲಿ ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಾಗಿಲ್ಲ.

ಬ್ಯಾಂಕಿನಲ್ಲಿ ಒಂದು ವರ್ಷದ ಖರ್ಚು ಸೇರಿ, ತಮ್ಮನಿಗೆ ಕೆಲಸ ಸಿಕ್ಕ ಮೇಲೆ ಇವರು ರೈಲ್ವೆಗೆ ರಾಜೀನಾಮೆ ಕೊಟ್ಟರು. ಹೊಸ ಸೀರಿಯಲ್‌ನಲ್ಲಿ ಈಗ ಖಾಯಂ ಪಾತ್ರ ಇದೆ. ಅಗ್ರಿಮೆಂಟ್ ಓದಿಸಿಕೊಂಡು ಹೋಗಲು ನನ್ನ ಹತ್ತಿರ ಬಂದಿದ್ದರು, ವಕೀಲರ ಹತ್ತಿರ ಕಳಿಸಿದೆ. ಮೂರು ಬೇಡಿಕೆ ಇಟ್ಟಿದ್ದರು. ಪೇಮೆಂಟ್ ಯಾವ ತಾರೀಕಿಗೆ ಅನ್ನುವುದು ಬರೆದಿರಬೇಕು. ಓಡುವ, ಬೀಳುವ ಸೀನ್‌ಗಳಿಗೆ ಡೂಪ್ ಇರಬೇಕು. ಪಾತ್ರ ಮುಗಿಸುವುದಾದರೆ ಒಂದು ತಿಂಗಳು ಮುಂಚೆ ಹೇಳಬೇಕು. ಮೊದಲ ಎರಡಕ್ಕೆ ಒಪ್ಪಿದರು. ಮೂರನೆಯದಕ್ಕೆ, ಕಥೆ ಯಾವಾಗ ತಿರುಗುತ್ತದೆ ಅಂತ ಬರೆದು ಕೊಡಲು ಆಗುವುದಿಲ್ಲ ಅಂದರು. ಒಂದು ರಾತ್ರಿ ಯೋಚಿಸಿ, ಅಮ್ಮನಿಗೂ ಹೇಳಿ, ಸಹಿ ಹಾಕಿದರು.